ಸಾಹೇಬರ ಮೈದಾನ, ನನ್ನ ಮಧ್ಯಾಹ್ನ

ದೋಹಾದ ಬೇಸಿಗೆಯಲ್ಲಿ ಮಧ್ಯಾಹ್ನದ ನಿದ್ದೆ ಕೆಡಿಸಿದವರನ್ನು ಕ್ಷಮಿಸುವುದು ಕಷ್ಟ. ನಮ್ಮ ಆಫೀಸು ಆಗ ಎರಡು ಹೊತ್ತಿನದು. ಬೆಳಿಗ್ಗೆ ಏಳಕ್ಕೆ ಹೋದರೆ ಹನ್ನೆರಡೂವರೆಗೆ ಬಿಡುವು, ಮತ್ತೆ ಮೂರೂವರೆಗೆ ಹಾಜರಿ. ನಡುವಿನ ಮೂರು ಗಂಟೆ ನಮ್ಮದು. ಬಿನ್ ಮಹಮೂದ್ ಬಡಾವಣೆಯ ಫ್ಲ್ಯಾಟಿಗೆ ಬಂದು, ಅನ್ನ ಮೀನುಸಾರು ಉಂಡು, ಪರದೆ ಎಳೆದು, ಗಡಗಡ ಎನ್ನುವ ಎಸಿಯ ಕೆಳಗೆ ಬಿದ್ದುಕೊಂಡರೆ ಊರು, ಹೆಂಡತಿ, ಮಗು ಯಾವುದೂ ನೆನಪಾಗದಂಥ ನಿದ್ದೆ ಬರುತ್ತಿತ್ತು. ತೊಂಬತ್ತರ ದಶಕದ ನಡುವಿನ ಒಂದು ಬೇಸಿಗೆಯಲ್ಲಿ ಆ ನಿದ್ದೆಯನ್ನು ನನ್ನಿಂದ ಕಿತ್ತುಕೊಂಡದ್ದು ಇಂಗ್ಲೆಂಡಿನ ಒಂದು ಸಣ್ಣ ಊರಿನ ಫುಟ್‌ಬಾಲ್ ಮೈದಾನ. ಅದೂ ಅಷ್ಟು ಹೊತ್ತಿಗೆ ಕೆಡವಿ ಹಾಕಿದ್ದ ಮೈದಾನ. ಇದ್ದಿದ್ದರೆ ಇಷ್ಟು ಸಿಟ್ಟು ಬರುತ್ತಿರಲಿಲ್ಲವೇನೋ.

ನಾನು ಒಂದು ಕಟ್ಟಡ ಕಂಪನಿಯಲ್ಲಿ ಎಸ್ಟಿಮೇಟ್ ವಿಭಾಗದ ಸೆಕ್ರೆಟರಿ. ಸೆಕ್ರೆಟರಿ ಎಂದರೆ ಟೈಪಿಸ್ಟು, ಫೈಲು ಹುಡುಕುವವನು, ಚಹಾ ಬರದಿದ್ದರೆ ವಿಚಾರಿಸುವವನು. ವಿಭಾಗದ ಮುಖ್ಯಸ್ಥರು ಐವತ್ತು ದಾಟಿದ ಒಬ್ಬ ಇಂಗ್ಲಿಷರು. ನಾವೆಲ್ಲ ಅವರನ್ನು ಸಾಹೇಬರು ಎನ್ನುತ್ತಿದ್ದೆವು. ಅವರ ಮೇಜಿನ ಮೇಲೆ ಕಾಗದ ಹಾರದಂತೆ ಇಡಲು ಒಂದು ಕೆಂಪು ಇಟ್ಟಿಗೆ ಇತ್ತು. ಯಾವುದೋ ಸೈಟಿನಿಂದ ಬಂದ ಸ್ಯಾಂಪಲ್ ಎಂದುಕೊಂಡು ನಾನೊಮ್ಮೆ ಅದನ್ನು ಸ್ಟೋರಿಗೆ ಕಳಿಸಿಬಿಟ್ಟಿದ್ದೆ. ಆ ದಿನ ಸಾಹೇಬರು ಸ್ವತಃ ಹೋಗಿ ಹುಡುಕಿ ತಂದರು. ಅದು ಅವರ ಊರಿನ ಮೈದಾನದ ಗೋಡೆಯ ಇಟ್ಟಿಗೆ ಎಂದು ನನಗೆ ಗೊತ್ತಾದದ್ದು ಆಗ.

ಅದಾಗಿ ಸ್ವಲ್ಪ ದಿನಕ್ಕೆ ಒಳಗೆ ಕರೆದು ವಿಷಯ ಹೇಳಿದರು. ಅವರ ಅಪ್ಪ ಆ ಮೈದಾನವನ್ನು ನೋಡಿಕೊಳ್ಳುವ ಕೆಲಸದಲ್ಲಿದ್ದವರು. ಹುಲ್ಲು ಕತ್ತರಿಸುವುದು, ಸುಣ್ಣದ ಗೆರೆ ಹಾಕುವುದು, ಗೇಟಿಗೆ ಬೀಗ ಹಾಕುವುದು, ಇದರಲ್ಲೇ ಆಯುಷ್ಯ ಕಳೆದವರು. ಎರಡು ವರ್ಷದ ಹಿಂದೆ ಕ್ಲಬ್ಬಿನವರು ಮೈದಾನವನ್ನು ಮಾರಿದರು, ಅಲ್ಲಿ ಸೂಪರ್ ಮಾರ್ಕೆಟ್ ಎದ್ದಿತು. ಊರಿನವರು ಮೈದಾನದ ಚರಿತ್ರೆಯನ್ನು ಒಂದು ಸಣ್ಣ ಪುಸ್ತಕ ಮಾಡಬೇಕೆಂದಿದ್ದಾರೆ, ಬರೆಯುವ ಹೊಣೆ ತಮ್ಮ ಮೇಲೆ ಬಿದ್ದಿದೆ ಎಂದರು. ಹಿಂದಿನ ರಜೆಯಲ್ಲಿ ಅಪ್ಪನ ಅಡುಗೆಮನೆಯ ಮೇಜಿನ ಮೇಲೆ ಟೇಪ್ ರೆಕಾರ್ಡರ್ ಇಟ್ಟು, ನೆನಪಾದದ್ದನ್ನೆಲ್ಲ ಹೇಳಿಡಿ ಎಂದು ಬಂದಿದ್ದರಂತೆ. ಅಪ್ಪ ಒಬ್ಬರೇ ಕೂತು ಹೇಳಿದ್ದಾರೆ. ಚಳಿಗಾಲದಲ್ಲಿ ತೀರಿಕೊಂಡರು. ಆಮೇಲೆ ಸಾಹೇಬರ ತಂಗಿ ಕ್ಯಾಸೆಟ್ಟನ್ನು ಅಂಚೆಯಲ್ಲಿ ಕಳಿಸಿದ್ದಾಳೆ.

ಅದನ್ನು ನಾನು ಕೇಳಿ ಟೈಪ್ ಮಾಡಿಕೊಡಬೇಕು. ಆಫೀಸಿನ ಸಮಯದಲ್ಲಿ ಮಾಡುವುದು ಸರಿಯಲ್ಲ, ಮಧ್ಯಾಹ್ನದ ಬಿಡುವಿನಲ್ಲಿ ಆದೀತೇ ಎಂದು ಕೇಳಿದರು. ಎಂಥ ನ್ಯಾಯವಂತರು ನೋಡಿ! ಕಂಪನಿಯ ಸಮಯ ಕದಿಯುವುದು ತಪ್ಪು, ನನ್ನದನ್ನು ಕದಿಯಬಹುದು. ಆದೀತು ಸರ್ ಎಂದೆ. ಅಲ್ಲಿ ಊರಿಗೆ ಹೋಗಬೇಕೆಂದರೂ ಒಬ್ಬರ ಸಹಿ ಬೇಕು, ನನ್ನ ರಜೆಯ ಅರ್ಜಿಗೆ ಮೊದಲ ಸಹಿ ಅವರದ್ದೇ. ಬೇರೆ ಏನು ಹೇಳಲಿ?

ನೀವು ಒಮ್ಮೆ ಕೇಳಿದ್ದೀರಾ ಸರ್ ಎಂದು ವಿಚಾರಿಸಿದೆ. ಪುರಸೊತ್ತಾಗಲಿಲ್ಲ ಎಂದರು. ಸ್ವಂತ ಅಪ್ಪ ಸಾಯುವ ಮೊದಲು ಆಡಿದ ಮಾತು ಕೇಳಲು ಪುರಸೊತ್ತಿಲ್ಲದವರಿಗಾಗಿ, ನನ್ನದೇ ಮನೆಯ ಮದುವೆ ಎಂಬ ಹಾಗೆ ನಾನು ಓಡಾಡಬೇಕು ಎಂದು ಒಳಗೊಳಗೇ ಉರಿದೆ. ಇದು ಒಂದೇ ಪ್ರತಿ, ಮೊದಲು ಸೂಕ್ ಪೇಟೆಯ ಹತ್ತಿರದ ಕ್ಯಾಸೆಟ್ ಅಂಗಡಿಯಲ್ಲಿ ಒಂದು ಕಾಪಿ ಮಾಡಿಸಿಬಿಡು, ಆಮೇಲೆ ಕೆಲಸ ಶುರುಮಾಡು ಎಂದೂ ಹೇಳಿದರು. ಡ್ರಾಯರಿಗೆ ಬೀಗವಿಲ್ಲ, ಆಫೀಸಿನಲ್ಲಿ ಬಿಡಬೇಡ, ದಿನಾ ಜೊತೆಯಲ್ಲಿ ಇಟ್ಟುಕೋ ಎಂದರು.

ಕಾಪಿ ಮಾಡಿಸಲು ಹೋಗಲೇ ಇಲ್ಲ. ನಿದ್ದೆಯೂ ಹೋಯಿತು, ಇನ್ನು ಸಂಜೆಯೂ ಹೋಗಬೇಕೇ ಎಂಬ ಮೊಂಡುತನ. ಅದರ ಬದಲು ಕ್ಯಾಸೆಟ್ಟಿನ ಹಿಂಬದಿಯಲ್ಲಿರುವ ಎರಡು ಪುಟ್ಟ ಪ್ಲಾಸ್ಟಿಕ್ ಚೂರುಗಳನ್ನು ಕೀಲಿಕೈಯಿಂದ ಮುರಿದೆ. ಅವು ಮುರಿದರೆ ಅದರ ಮೇಲೆ ಬೇರೆ ರೆಕಾರ್ಡ್ ಆಗುವುದಿಲ್ಲ. ಇಷ್ಟು ಸಾಕು ಎಂದುಕೊಂಡೆ. ಎರಡು ದಿನ ಬಿಟ್ಟು ಸಾಹೇಬರು ಕೇಳಿದಾಗ, ಮಾಡಿಸಿದೆ ಸರ್, ಮನೆಯಲ್ಲಿದೆ ಎಂದುಬಿಟ್ಟೆ. ಸುಳ್ಳು ಎಷ್ಟು ಸಲೀಸಾಗಿ ಬಂತೆಂದರೆ ಅದು ಸುಳ್ಳೆಂದು ನನಗೇ ಮರೆತುಹೋಯಿತು.

ಖಾಲಿ ಆಫೀಸಿನಲ್ಲಿ ಕಿವಿಗೆ ಹೆಡ್‌ಫೋನ್ ಹಾಕಿ ಕೂತೆ. ಮುದುಕರ ಇಂಗ್ಲಿಷ್ ನನಗೆ ಗೊತ್ತಿದ್ದ ಇಂಗ್ಲಿಷ್ ಅಲ್ಲ. ಅರ್ಧ ಶಬ್ದ ನುಂಗುವುದು, ಕೆಮ್ಮುವುದು, ನಡುವೆ ಎದ್ದು ನಲ್ಲಿ ಬಿಡುವುದು, ಎಲ್ಲಿಯೋ ನಿಂತು ಮಾತಾಡುವುದು. ಇದರ ಮೇಲೆ, ಹೇಳುವ ಕ್ರಮವೂ ಇಲ್ಲ. ಚರಿತ್ರೆ ಹೇಳಿ ಎಂದರೆ ಕೊನೆಯ ಆಟದಿಂದಲೇ ಶುರು. ಜನ ನೆನಪಿಗೆಂದು ಹುಲ್ಲಿನ ಹೆಂಟೆಯನ್ನು ಚೀಲದಲ್ಲಿ ತುಂಬಿಕೊಂಡು ಹೋದದ್ದು, ಬೆಂಚಿನ ಹಲಗೆಗಳನ್ನು ಕಿತ್ತು ತಲೆಯ ಮೇಲೆ ಹೊತ್ತುಕೊಂಡು ಹೋದದ್ದು, ಎಲ್ಲರೂ ಹೋದ ಮೇಲೆ ತಾವು ಗೇಟಿಗೆ ಬೀಗ ಹಾಕಲು ಹೋದದ್ದು. ಅಲ್ಲಿಂದ ಒಮ್ಮೆಲೇ ತಮ್ಮ ಅಜ್ಜನ ಕಾಲಕ್ಕೆ ಹಾರಿದರು. ಆ ಜಾಗ ಮೊದಲು ಇಟ್ಟಿಗೆಗೆ ಮಣ್ಣು ತೆಗೆಯುವ ಹೊಂಡವಾಗಿತ್ತಂತೆ. ಸುತ್ತಲಿನ ಕಾರ್ಖಾನೆಗಳ ಬೂದಿಯನ್ನು ಗಾಡಿಗಟ್ಟಲೆ ತಂದು ಸುರಿದು ದಿಬ್ಬ ಮಾಡಿದರು, ಜನ ಆ ದಿಬ್ಬದ ಮೇಲೆ ನಿಂತು ಆಟ ನೋಡುತ್ತಿದ್ದರು, ಮಳೆ ಬಂದರೆ ಎಲ್ಲರ ಪ್ಯಾಂಟೂ ಮೊಣಕಾಲವರೆಗೆ ಕಪ್ಪು.

ಹುಲ್ಲು ಕತ್ತರಿಸುವ ಯಂತ್ರ ಎಳೆಯಲು ಒಂದು ಕುದುರೆ ಇತ್ತಂತೆ, ಅದರ ಗೊರಸಿನ ಗುರುತು ಬೀಳದ ಹಾಗೆ ನಾಲ್ಕು ಕಾಲಿಗೂ ತೊಗಲಿನ ಬೂಟು ಹಾಕುತ್ತಿದ್ದರಂತೆ. ಇದನ್ನು ನಾಲ್ಕು ಸಲ ಹಿಂದೆ ತಿರುಗಿಸಿ ಕೇಳಿದೆ, ಕುದುರೆಗೆ ಬೂಟೆಂದರೆ ನನ್ನ ಕಿವಿಯೇ ಕೆಟ್ಟಿದೆ ಎನಿಸಿ. ಯುದ್ಧದ ಕಾಲದಲ್ಲಿ ಅರ್ಧ ಮೈದಾನದಲ್ಲಿ ಆಲೂಗಡ್ಡೆ ಹಾಕಿದ್ದು, ಮರದ ಗ್ಯಾಲರಿಗೆ ಬೆಂಕಿ ಬಿದ್ದದ್ದು, ಬಿರುಗಾಳಿಗೆ ಚಾವಣಿಯ ತಗಡು ಹಾರಿ ಪಕ್ಕದ ಸ್ಮಶಾನದಲ್ಲಿ ಬಿದ್ದದ್ದು. ಆಮೇಲೆ, ಜನ ನಿಂತು ನೋಡುವ ಹಾಗಿಲ್ಲ, ಎಲ್ಲರಿಗೂ ಕುರ್ಚಿ ಬೇಕೆಂಬ ಒತ್ತಾಯ ಬಂತು. ಕುರ್ಚಿ ಹಾಕಿಸುವ ಶಕ್ತಿ ಕ್ಲಬ್ಬಿಗೆ ಇರಲಿಲ್ಲ. ನನ್ನಂಥ ಕಬಡ್ಡಿ ವಾಲಿಬಾಲ್ ಕಂಡವನಿಗೆ ಇದೆಲ್ಲ ಯಾಕೆ? ಕೊರಳು ಜೋಮು ಹಿಡಿಯುತ್ತಿತ್ತು, ಕಣ್ಣು ಎಳೆಯುತ್ತಿತ್ತು. ಎಲ್ಲಿ ಮುದುಕರ ಮಾತು ತಿಳಿಯದೋ ಅಲ್ಲಿ ಟೈಪ್‌ರೈಟರಿನ ಚುಕ್ಕೆಯ ಕೀಲಿಯ ಮೇಲೆ ಬೆರಳೊತ್ತಿ ಮುಂದೆ ಹೋಗುತ್ತಿದ್ದೆ. ಚುಕ್ಕೆ ಇದ್ದಲ್ಲಿ ಆಮೇಲೆ ನಾನೇ ಕೇಳಿ ತುಂಬಿಸುತ್ತೇನೆ ಎಂದು ಸಾಹೇಬರು ಹೇಳಿದ್ದರು. ಹಾಗಾಗಿ ಚುಕ್ಕೆ ಇಡಲು ನನಗೆ ಯಾವ ಸಂಕೋಚವೂ ಇರಲಿಲ್ಲ.

ಇನ್ನು ನಮ್ಮ ಕ್ಯಾಸೆಟ್ಟಿನ ಸಂಗತಿ. ಫೋನು ನಮಗೆಟುಕುವ ವಸ್ತುವಾಗಿರಲಿಲ್ಲ, ಕಾಗದದಲ್ಲಿ ದನಿ ಇರುವುದಿಲ್ಲ. ಹಾಗಾಗಿ ಫ್ಲ್ಯಾಟಿನಲ್ಲಿ ಯಾರಾದರೂ ರಜೆಗೆ ಹೊರಟರೆ ಉಳಿದವರೆಲ್ಲ ಟೇಪ್ ರೆಕಾರ್ಡರಿನ ಮುಂದೆ ಕೂತು ಮನೆಯವರಿಗೆ ಹೇಳುವುದನ್ನೆಲ್ಲ ಹೇಳಿ ಕ್ಯಾಸೆಟ್ ಕೊಟ್ಟು ಕಳಿಸುವುದು. ಮನೆಯವರು ಕೇಳಿ, ಅದೇ ಕ್ಯಾಸೆಟ್ಟಿನ ಮೇಲೆ ತಮ್ಮ ಉತ್ತರ ಹೇಳಿ, ಅದೇ ಮನುಷ್ಯನ ಕೈಯಲ್ಲಿ ವಾಪಸು ಕಳಿಸುವುದು. ಹೊಸ ಕ್ಯಾಸೆಟ್ ಯಾರೂ ತೆಗೆದುಕೊಳ್ಳುತ್ತಿರಲಿಲ್ಲ. ನನ್ನದೂ ನನ್ನ ಹೆಂಡತಿಯದೂ ಒಂದೇ ಕ್ಯಾಸೆಟ್ ಮೂರು ವರ್ಷದಿಂದ ಹೋಗಿ ಬರುತ್ತಿತ್ತು. ಹಿಂಬದಿಯ ಪ್ಲಾಸ್ಟಿಕ್ ಮುರಿದಿದ್ದರೆ ಅಲ್ಲಿಗೊಂದು ಚೂರು ಗಮ್ ಟೇಪ್ ಅಂಟಿಸಿದರಾಯಿತು, ಮತ್ತೆ ರೆಕಾರ್ಡ್ ಆಗುತ್ತದೆ. ಈ ಉಪಾಯವನ್ನು ರಜೆಯಲ್ಲಿ ಹೋದಾಗ ಹೆಂಡತಿಯ ತಮ್ಮನಿಗೆ ಕಲಿಸಿದ್ದು ನಾನೇ.

ಆ ತಿಂಗಳು ರಜೆಗೆ ಹೊರಟವನು ನನ್ನ ಕೋಣೆಯ ಗೆಳೆಯ, ಉಳ್ಳಾಲದ ಕಡೆಯ ಬ್ಯಾರಿ, ಒಂದು ಬಟ್ಟೆ ಅಂಗಡಿಯಲ್ಲಿ ಇದ್ದವನು. ಗುರುವಾರ ಆಫೀಸು ಅರ್ಧ ದಿನ; ಆ ಮಧ್ಯಾಹ್ನ ನಾನು ಟೈಪಿಂಗ್ ಮುಗಿಸಿ ಬರುವಾಗ ಅವನ ಪೆಟ್ಟಿಗೆಗೆ ಹಗ್ಗ ಬಿಗಿದಾಗಿತ್ತು. ಕೆಳಗೆ ಕಾರಿನವನು ಯಲ್ಲಾ ಯಲ್ಲಾ ಎಂದು ಅವಸರಪಡಿಸುತ್ತ ಹಾರ್ನ್ ಒತ್ತುತ್ತಿದ್ದ. ನನ್ನ ಕ್ಯಾಸೆಟ್ ಹಿಂದಿನ ದಿನವೇ ತಯಾರಾಗಿ ಚೀಲದಲ್ಲಿತ್ತು, ಸಾಹೇಬರದ್ದೂ ಅದೇ ಚೀಲದಲ್ಲಿ. ಎರಡೂ ಒಂದೇ ಕಂಪನಿಯವು, ಎರಡರ ಮೇಲೂ ಏನೂ ಬರೆದಿರಲಿಲ್ಲ. ನಾನು ಒಂದನ್ನು ತೆಗೆದು ಅವನ ಅಂಗಿಯ ಜೇಬಿಗೆ ಹಾಕಿದೆ. ಹೆಂಡತಿಗೇ ಕೊಡು, ಉತ್ತರ ಮರೆಯದೆ ತಾ ಎಂದೆ.

ಶನಿವಾರ ಮಧ್ಯಾಹ್ನ ಆಫೀಸಿನಲ್ಲಿ ಕ್ಯಾಸೆಟ್ ಹಾಕಿದರೆ ಕಿವಿಯಲ್ಲಿ ನನ್ನದೇ ದನಿ. "ನಾನಿಲ್ಲಿ ಸೌಖ್ಯ. ಸೆಕೆ ಜೋರುಂಟು. ಈಗ ಮಧ್ಯಾಹ್ನ ಮಲಗ್ಲಿಕ್ಕೂ ಬಿಡುದಿಲ್ಲ ಈ ಜನ."

ಸಿಟ್ಟು ಮೊದಲು ಬಂದದ್ದು ಗೆಳೆಯನ ಮೇಲೆ, ಆಮೇಲೆ ಹಾರ್ನ್ ಒತ್ತಿದ ಕಾರಿನವನ ಮೇಲೆ, ಆಮೇಲೆ ಸಾಹೇಬರ ಮೇಲೆ. ನನ್ನ ಮೇಲೆ ಬಂದದ್ದು ಕೊನೆಗೆ, ಆದರೆ ಅದು ಹೋಗಲಿಲ್ಲ. ಗೆಳೆಯ ಬೊಂಬಾಯಿಗೆ ಹೋಗಿ, ಅಲ್ಲಿಂದ ಬಸ್ಸಿನಲ್ಲಿ ಮಂಗಳೂರು ಸೇರಿ, ಮನೆಯಲ್ಲಿ ಎರಡು ದಿನ ಸುಧಾರಿಸಿಕೊಂಡು ನನ್ನ ಮನೆಗೆ ಹೋಗಬೇಕು. ನಾಲ್ಕೈದು ದಿನ ನನ್ನ ಕೈಯಲ್ಲಿದೆ ಎಂದು ಲೆಕ್ಕ ಹಾಕಿದೆ. ನಮ್ಮ ಮನೆಗೆ ಫೋನಿರಲಿಲ್ಲ. ಹತ್ತಿರದ ಅಕ್ಕಿ ಗಿರಣಿಯವರ ಮನೆಗೆ ಮಾಡಬೇಕು. ಆರು ದಿನ ಟೆಲಿಫೋನ್ ಬೂತಿನ ಬಿಸಿಲಲ್ಲಿ ನಿಂತು ತಿರುಗಿಸಿದೆ. ಊರಿನಲ್ಲಿ ಜೋರು ಮಳೆ, ಎಲ್ಲಿಯೋ ಲೈನು ಬಿದ್ದಿತ್ತು. ಒಮ್ಮೆ ಗಂಟೆ ಹೊಡೆಯಿತು, ಯಾರೂ ಎತ್ತಲಿಲ್ಲ. ನನ್ನ ಹಿಂದೆ ನಿಂತವರು ಬೆನ್ನು ತಟ್ಟಿ ಖಲಾಸ್ ಎಂದರು. ಏಳನೆಯ ದಿನ ಸಿಕ್ಕಿತು. ಗಿರಣಿಯ ಹೆಂಗಸು ಹೇಳಿದರು: ನಿಮ್ಮ ಕ್ಯಾಸೆಟ್ ಬಂದು ಮೂರು ದಿನ ಆಯ್ತು, ಉತ್ತರ ಹೇಳಿ ನಿನ್ನೆಯೇ ಉಳ್ಳಾಲಕ್ಕೆ ತಲುಪಿಸಿಯೂ ಆಯ್ತು, ನಿಮ್ಮ ಹೆಂಡತಿ ಎಷ್ಟು ಚುರುಕು ಅಲ್ವಾ.

ಚುರುಕೆಂದರೆ ಚುರುಕೇ. ಬೂತಿನಿಂದ ಹೊರಗೆ ಬಂದು ದೂಳು ಮುಚ್ಚಿದ ಯಾರದೋ ಪಿಕಪ್ಪಿಗೆ ಒಂದು ಒದ್ದೆ.

ಗೆಳೆಯ ಬರುವವರೆಗೆ ಇನ್ನೂ ಮೂರು ವಾರ ನಾನು ಆಫೀಸಿನಲ್ಲಿ ನಾಟಕವಾಡಿದೆ. ಸಾಹೇಬರ ಬಳಿ ಊರಿನವರು ಬರೆದ ಹಳೆಯ ಪತ್ರಗಳ ಒಂದು ಕಟ್ಟು ಇತ್ತು. ಮೊದಲು ಇದನ್ನು ಟೈಪ್ ಮಾಡಿಬಿಡುತ್ತೇನೆ ಸರ್ ಎಂದು ಅದನ್ನೆತ್ತಿಕೊಂಡೆ. ಅವರು ದಿನಾ ಸಂಜೆ ಹೊರಡುವಾಗ ನನ್ನ ಮೇಜಿನ ಹತ್ತಿರ ನಿಂತು, ಅಪ್ಪ ಎಲ್ಲಿವರೆಗೆ ಬಂದರು ಎಂದು ಕೇಳುತ್ತಿದ್ದರು. ಬೆಂಕಿ ಬಿದ್ದಲ್ಲಿಗೆ ಬಂದಿದ್ದಾರೆ ಎನ್ನುತ್ತಿದ್ದೆ. ಮೂರು ವಾರ ಆ ಬೆಂಕಿ ಆರಲೇ ಇಲ್ಲ.

ಗೆಳೆಯ ಒಂದು ಶುಕ್ರವಾರ ಹಲಸಿನ ಹಪ್ಪಳ, ಉಪ್ಪಿನಕಾಯಿ ಹೊತ್ತುಕೊಂಡು ಬಂದ. ನನಗೆ ಕ್ಯಾಸೆಟ್ ಕೊಟ್ಟು ಮೋರೆ ನೋಡಿದ. "ಎಂತ ಮಾರಾಯ, ನಿನ್ನ ಹೆಂಡತಿ ಕೇಳ್ತಾರೆ, ಇದು ಯಾರ ಕ್ಯಾಸೆಟ್ ಅಂತ. ನಾನೆಂತ ಹೇಳುದು?"

ಕ್ಯಾಸೆಟ್ಟಿನ ಹಿಂಬದಿಯಲ್ಲಿ ಗಮ್ ಟೇಪ್ ನೀಟಾಗಿ ಕೂತಿತ್ತು. ನಾನು ಕಲಿಸಿದ ಪಾಠವನ್ನು ಭಾವಮೈದ ಮರೆತಿರಲಿಲ್ಲ. ಯಂತ್ರಕ್ಕೆ ಹಾಕಿದೆ. ಹೆಂಡತಿಯ ದನಿ ಬಂತು. ಮೂರು ತಿಂಗಳಿಂದ ಕೇಳದ ದನಿ, ಆದರೆ ನನಗೆ ಅದನ್ನು ಕೇಳುವ ತಾಳ್ಮೆ ಇರಲಿಲ್ಲ. ಎಲ್ಲಿಯವರೆಗೆ ಅಳಿಸಿದ್ದಾರೆ ಎಂಬುದೊಂದೇ ಬೇಕಿತ್ತು. ಮುಂದಕ್ಕೆ ಓಡಿಸಿ ನಿಲ್ಲಿಸಿದೆ, ಅವಳೇ. ಮತ್ತೆ ಓಡಿಸಿದೆ, ಅಮ್ಮ. ಮತ್ತೆ, ಮಗಳ ತೊದಲು. ಅರ್ಧ ಗಂಟೆಯ ನಂತರ ಟಕ್ ಎಂದು ಸದ್ದಾಗಿ, ಬೂದಿಯ ದಿಬ್ಬದ ಅರ್ಧ ವಾಕ್ಯದಲ್ಲಿ ಮುದುಕರು ಸಿಕ್ಕಿದರು. ಅಲ್ಲಿಂದ ಮುಂದೆ ಎಲ್ಲ ಇತ್ತು. ಮೊದಲ ಅರ್ಧ ಗಂಟೆ ಇರಲಿಲ್ಲ.

ನಾನು ಧೈರ್ಯ ಹೇಳಿಕೊಂಡೆ. ಆ ಅರ್ಧ ಗಂಟೆಯನ್ನು ನಾನಾಗಲೇ ಟೈಪ್ ಮಾಡಿಯಾಗಿದೆ. ಚರಿತ್ರೆಯಲ್ಲಿ ಏನೂ ಹೋಗಿಲ್ಲ, ಚುಕ್ಕೆ ಇಟ್ಟಲ್ಲಿ ಮಾತ್ರ ನಾಲ್ಕಾರು ಶಬ್ದ ಹೋಗಿರಬಹುದು. ಕ್ಯಾಸೆಟ್ ಕೆಟ್ಟಿತು ಎಂದು ಹೇಳಿ ಸಮುದ್ರಕ್ಕೆಸೆದರೂ ಯಾರಿಗೂ ಗೊತ್ತಾಗದು. ಆದರೆ ಅದರ ಮೇಲೆ ಈಗ ನನ್ನ ಮಗಳ ದನಿಯಿತ್ತು. ಎಸೆಯುವುದು ಹೇಗೆ? ಶನಿವಾರ ಮಧ್ಯಾಹ್ನ ಸಾಹೇಬರ ಕೋಣೆಗೆ ಹೋಗಿ, ಬಾಗಿಲು ಹಾಕಿಕೊಂಡು, ಎಲ್ಲವನ್ನೂ ಹೇಳಿದೆ. ಕಾಪಿ ಮಾಡಿಸಲಿಲ್ಲ ಎಂಬುದನ್ನೂ.

ಬೈಯುತ್ತಾರೆ, ಟಿಕೆಟ್ ಹರಿದು ಊರಿಗೆ ಕಳಿಸುತ್ತಾರೆ ಎಂದು ನಿಂತಿದ್ದೆ. ಅವರು ಇಟ್ಟಿಗೆಯನ್ನು ಮೇಜಿನ ಈ ಬದಿಯಿಂದ ಆ ಬದಿಗೆ ಸರಿಸಿದರು.

"ಕ್ಯಾಸೆಟ್ ಬಂದು ಏಳು ತಿಂಗಳಾಯಿತು," ಎಂದರು. "ನಾಲ್ಕು ಸಲ ಹಾಕಿದ್ದೇನೆ. ಶುರುವಿಗೆ ಅವರು ಗಂಟಲು ಸರಿಮಾಡಿಕೊಳ್ಳುತ್ತಾರೆ. ಅಷ್ಟಕ್ಕೇ ನಿಲ್ಲಿಸಿಬಿಡುತ್ತಿದ್ದೆ. ಮುಂದೆ ಕೇಳಲು ಆಗಲಿಲ್ಲ. ಅದಕ್ಕೇ ನಿನಗೆ ಕೊಟ್ಟದ್ದು."

ಪುರಸೊತ್ತಿಲ್ಲ ಎಂದಿದ್ದರಲ್ಲ, ನಾನು ಅದನ್ನೇ ನಂಬಿ ಎರಡು ತಿಂಗಳು ಹಲ್ಲು ಕಡಿದಿದ್ದೆ. ಆ ಹೊತ್ತಿನಲ್ಲೂ ನನಗೆ ಸಿಟ್ಟೇ ಬಂತು. ಅಷ್ಟೊಂದು ಮಾತಾಡುವ ಮನುಷ್ಯ ಈ ಒಂದು ಮಾತನ್ನು ಮೊದಲೇ ಹೇಳಬಾರದಿತ್ತೇ?

ಹಾಕು ಎಂದರು. ಮೊದಲಿನಿಂದ ಹಾಕು, ನಿನ್ನ ಹೆಂಡತಿ ಏನು ಹೇಳುತ್ತಾಳೋ ಒಂದೊಂದು ಮಾತನ್ನೂ ನನಗೆ ಹೇಳು, ನನ್ನ ಅಪ್ಪನ ಜಾಗದಲ್ಲಿ ಏನು ಕೂತಿದೆ ಎಂದು ನನಗೆ ಗೊತ್ತಾಗಲಿ ಎಂದರು.

ಹಾಕಿದೆ. ನಾನೂ ಅದನ್ನು ಸರಿಯಾಗಿ ಕೇಳಿದ್ದು ಆಗಲೇ.

"ನಿಮ್ಮ ಕ್ಯಾಸೆಟ್ ಬಂತು. ಆದ್ರೆ ಅದ್ರಲ್ಲಿ ನೀವೇ ಇಲ್ಲ. ಯಾರೋ ಒಬ್ರು ಅಜ್ಜ ಇಂಗ್ಲಿಷಲ್ಲಿ ಮಾತಾಡ್ತಾರೆ. ಮುಂದೆ ಎಲ್ಲಿಯಾದ್ರೂ ನೀವು ಬರ್ತೀರೇನೋ ಅಂತ ನಾವು ಎರಡೂ ಬದಿ ಪೂರ್ತಿ ಕೇಳಿದೆವು. ಅಮ್ಮನೂ ಕೂತಿದ್ರು. ನೀವು ಬರ್ಲೇ ಇಲ್ಲ."

ಅದನ್ನು ಸಾಹೇಬರಿಗೆ ಹೇಳಿದೆ. ಪೂರ್ತಿ ಕೇಳಿದರೇ ಎಂದು ಕೇಳಿದರು. ಹೌದು ಸರ್, ಎರಡೂ ಬದಿ. ಅವರು ತಲೆಯಾಡಿಸಿದರು.

"ಸುರುವಿಗೆ ಒಂದು ಕಡೆ ಚಾ ಕಪ್ ಕೆಳಗೆ ಇಟ್ಟ ಶಬ್ದ ಆಯ್ತು," ಎಂದಳು ಹೆಂಡತಿ. "ಆಮೇಲೆ ಆ ಅಜ್ಜ ಅತ್ರು. ಜೋರಾಗಿ ಅಲ್ಲ, ಒಳಗೊಳಗೇ. ಮತ್ತೆ ಮೂಗು ಒರಸಿಕೊಂಡು ಮಾತಾಡಿದ್ರು. ಅಮ್ಮನ ಕಣ್ಣಲ್ಲೂ ನೀರು ಬಂತು. ಯಾರು ಅವ್ರು? ಯಾಕೆ ಅತ್ತದ್ದು? ಮುಂದಿನ ಸಲ ಹೇಳಿ."

ಸಾಹೇಬರು ಯಂತ್ರವನ್ನು ನಿಲ್ಲಿಸಿ, ಏನೆಂದಳು ಎಂದು ಕೇಳಿದರು. ಹೇಳಿದೆ. ಅಪ್ಪ ಅತ್ತದ್ದನ್ನು ತಾವು ಒಮ್ಮೆಯೂ ಕಂಡಿಲ್ಲ, ಅಮ್ಮ ಹೋದಾಗಲೂ ಇಲ್ಲ ಎಂದರು. ಆಮೇಲೆ ಕೇಳಿದರು, ಎಲ್ಲಿ?

ನಾನು ಟೈಪ್ ಮಾಡಿದ ಹಾಳೆಗಳನ್ನು ತಂದೆ. ಹುಡುಕುವ ಅಗತ್ಯವೇ ಇರಲಿಲ್ಲ. ಎರಡನೆಯ ಪುಟದಲ್ಲಿ, ಎಲ್ಲರೂ ಹೋದ ಮೇಲೆ ಗೇಟಿಗೆ ಬೀಗ ಹಾಕಲು ಹೋದೆ ಎಂಬಲ್ಲಿ ಮಾತು ನಿಂತು, ಒಂದೂವರೆ ಸಾಲು ಬರೇ ಚುಕ್ಕೆ. ಆಮೇಲೆ, ಬೀಗ ತುಕ್ಕು ಹಿಡಿದಿತ್ತು ಎಂದು ಮತ್ತೆ ಶುರು. ಆ ಮಧ್ಯಾಹ್ನ ನನಗೆ ನೆನಪಿದೆ. ಈ ಮುದುಕ ಮತ್ತೆ ಗೊಣಗಲು ಶುರುಮಾಡಿದ ಎಂದು ಚುಕ್ಕೆಯ ಕೀಲಿಯ ಮೇಲೆ ಬೆರಳು ಒತ್ತಿ ಹಿಡಿದು ಗೋಡೆಯ ಗಡಿಯಾರ ನೋಡುತ್ತಿದ್ದೆ.

ಇಲ್ಲಿ ನಿನಗೆ ಏನು ಕೇಳಿಸಿತು ಎಂದರು ಸಾಹೇಬರು.

"ಸ್ಪಷ್ಟ ಇರಲಿಲ್ಲ ಸರ್," ಎಂದೆ.

ಅವರು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಇಷ್ಟು ವರ್ಷ ಇದನ್ನು ಹೊತ್ತುಕೊಳ್ಳುವುದು ತಪ್ಪುತ್ತಿತ್ತು. ಕ್ಯಾಸೆಟ್ಟನ್ನು ಮತ್ತೆ ಹಾಕಿದರು. ನನ್ನ ಅಮ್ಮ ಸೊಂಟನೋವು ಹೇಳಿದ್ದು, ಮಗಳು ಅಪ್ಪ ಅಪ್ಪ ಎಂದದ್ದು ಎಲ್ಲವನ್ನೂ ಕೂತು ಕೇಳಿದರು. ಟಕ್ ಎಂದು ಅವರ ಅಪ್ಪನ ದನಿ ಬಂದಾಗ ನಾನು ಎದ್ದು ಹೊರಗೆ ಹೋದೆ. ಅವರು ಈ ಸಲ ನಿಲ್ಲಿಸಲಿಲ್ಲ. ಸಂಜೆ ನಾನೇ ಸೂಕಿನ ಹತ್ತಿರದ ಅಂಗಡಿಗೆ ಹೋಗಿ ಎರಡು ಕಾಪಿ ಮಾಡಿಸಿದೆ. ಯಾರೂ ಹೇಳಿರಲಿಲ್ಲ. ಮಾಡಿಸಬೇಕಾದ ದಿನ ಮಾಡಿಸದೆ ಈಗ ಎರಡು ಮಾಡಿಸಿ ಏನು ಬಂತು?

ಮರುವರ್ಷ ಪುಸ್ತಕ ಅಚ್ಚಾಗಿ ಬಂತು, ತೆಳ್ಳಗಿನದು. ಸಾಹೇಬರು ಒಂದು ಪ್ರತಿ ಕೊಟ್ಟರು. ಉಳಿದ ಚುಕ್ಕೆಗಳನ್ನೆಲ್ಲ ಅವರು ಊರಿನವರನ್ನು ಕೇಳಿ ಹೇಗೋ ತುಂಬಿಸಿದ್ದರು. ಗೇಟಿನ ಹತ್ತಿರದ ಒಂದೂವರೆ ಸಾಲನ್ನು ಮಾತ್ರ ಮುಟ್ಟಿರಲಿಲ್ಲ. ಅಚ್ಚಿನವರು ತಪ್ಪೆಂದು ತೆಗೆಯಹೊರಟರಂತೆ, ಇವರು ಬಿಡಲಿಲ್ಲವಂತೆ.

ರಜೆಗೆ ಹೋದಾಗ ಪುಸ್ತಕವನ್ನು ಹೆಂಡತಿಗೆ ತೋರಿಸಿದೆ. ಅವಳಿಗೆ ಇಂಗ್ಲಿಷ್ ಬಾರದು. ಕುದುರೆಯ ಬೂಟಿನ ಕಥೆ ಹೇಳಿದೆ, ನಕ್ಕಳು. ಆ ಅಜ್ಜ ಅತ್ತದ್ದು ಇದರಲ್ಲಿ ಎಲ್ಲಿದೆ ಎಂದು ಕೇಳಿದಳು. ಪುಟ ತೆಗೆದು ಚುಕ್ಕೆಗಳನ್ನು ತೋರಿಸಿದೆ. ಅವಳು ಅದರ ಮೇಲೆ ಈ ತುದಿಯಿಂದ ಆ ತುದಿಗೆ ಬೆರಳು ಎಳೆದಳು.

"ಇಷ್ಟೇಯಾ?" ಎಂದಳು. "ಅವ್ರು ತುಂಬಾ ಹೊತ್ತು ಅತ್ತಿದ್ರಲ್ಲ."